ಗಾಡಿ ಬಿಡಿಸಿಕೊಳ್ಳುವ ಲೆಕ್ಕ

ತಾಲ್ಲೂಕು ಕೋರ್ಟಿನ ವಾಹನ ಬಿಡುಗಡೆ ಆದೇಶ ಕೈಗೆ ಸಿಕ್ಕರೆ ಓದಬೇಕಾದ್ದು ಅದರ ಕೊನೆಯ ಪುಟ. ಅರ್ಜಿದಾರರು ಇಷ್ಟು ಲಕ್ಷ ರೂಪಾಯಿಗೆ ಇಂಡೆಮ್ನಿಟಿ ಬಾಂಡ್ ಬರೆದುಕೊಡತಕ್ಕದ್ದು, ಅಷ್ಟೇ ಮೊತ್ತಕ್ಕೆ ಒಬ್ಬ ಜಾಮೀನುದಾರನನ್ನು ಒದಗಿಸತಕ್ಕದ್ದು. ಪ್ರಕರಣ ಮುಗಿಯುವವರೆಗೆ ವಾಹನವನ್ನು ಮಾರಕೂಡದು, ಪರಭಾರೆ ಮಾಡಕೂಡದು. ಬಣ್ಣ, ಬಾಡಿ, ಎಂಜಿನ್ ನಂಬರು, ಚಾಸಿಸ್ ನಂಬರು ಯಾವುದನ್ನೂ ಬದಲಿಸಕೂಡದು. ಕೋರ್ಟಾಗಲಿ ತನಿಖಾಧಿಕಾರಿಯಾಗಲಿ ಕರೆದಾಗ ಸ್ವಂತ ಖರ್ಚಿನಲ್ಲಿ ತಂದು ಹಾಜರುಪಡಿಸತಕ್ಕದ್ದು. ನಾಲ್ಕೂ ಕಡೆಯಿಂದ ತೆಗೆದ ಫೋಟೊ ಸಲ್ಲಿಸತಕ್ಕದ್ದು. ಇಂಥದೇ ಅಪರಾಧಕ್ಕೆ ವಾಹನವನ್ನು ಮತ್ತೆ ಬಳಸಕೂಡದು. ವರ್ಷಗಳಿಂದ ಒಂದೇ ಅಚ್ಚಿನಲ್ಲಿ ಬರುತ್ತಿರುವ ಈ ಸಾಲುಗಳನ್ನು ಅನುಭವಿ ವಕೀಲರು ಪೂರ್ತಿ ಓದುವುದಿಲ್ಲ. ಅವರ ಕಣ್ಣು ನೇರವಾಗಿ ಹೋಗುವುದು ಮೊದಲ ಷರತ್ತಿನ ಅಂಕಿಯ ಮೇಲೆ. ಎಷ್ಟು ಲಕ್ಷ?

ಗಾಡಿ ಈ ವಾರ ರಸ್ತೆಗಿಳಿಯುತ್ತದೋ, ಇನ್ನೂ ಆರು ತಿಂಗಳು ಠಾಣೆಯ ಹಿಂದಿನ ಹುಲ್ಲಿನಲ್ಲಿ ನಿಲ್ಲುತ್ತದೋ ಎಂಬುದು ತೀರ್ಮಾನವಾಗುವುದು ಆ ಅಂಕಿಯಲ್ಲಿ. ವಾಹನ ಬಿಡಬೇಕೋ ಬೇಡವೋ ಎಂಬ ಮೂಲ ಪ್ರಶ್ನೆಗೆ ಸುಪ್ರೀಂ ಕೋರ್ಟ್ 2002ರಲ್ಲೇ ಉತ್ತರ ಕೊಟ್ಟಾಗಿದೆ. ಯಾವ ಬೆಲೆಗೆ ಬಿಡಬೇಕು ಎಂಬುದು ಮಾತ್ರ ಇಂದಿಗೂ ಕೋರ್ಟಿನಿಂದ ಕೋರ್ಟಿಗೆ, ಕಾಯ್ದೆಯಿಂದ ಕಾಯ್ದೆಗೆ ಬದಲಾಗುತ್ತದೆ.

ಅಪಘಾತ, ಕಳವು, ಹೊಡೆದಾಟ, ಮರಳು ಸಾಗಣೆ, ಯಾವ ಪ್ರಕರಣವೇ ಇರಲಿ, ಪೊಲೀಸರು ಮಹಜರು ಬರೆದು ವಶಪಡಿಸಿಕೊಂಡ ಕ್ಷಣದಿಂದ ವಾಹನ ಮುದ್ದೇಮಾಲು ಆಗುತ್ತದೆ. ಅದಕ್ಕೊಂದು ಪಿ.ಎಫ್. ನಂಬರು ಬೀಳುತ್ತದೆ, ಪ್ರಾಪರ್ಟಿ ಫಾರಂ ಕೋರ್ಟಿಗೆ ಹೋಗುತ್ತದೆ. ಹೋಗುವುದು ಫಾರಂ ಮಾತ್ರ. ಲಾರಿಯನ್ನು ನ್ಯಾಯಾಧೀಶರ ಪೀಠದ ಮುಂದೆ ನಿಲ್ಲಿಸಲು ಆಗುವುದಿಲ್ಲವಲ್ಲ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 451 ಮತ್ತು 457ನೇ ಕಲಮುಗಳು ಹುಟ್ಟಿದ್ದು ಇಂಥ ವಸ್ತುಗಳಿಗಾಗಿ. ಕೋರ್ಟಿನ ಮುಂದೆ ಹಾಜರಾದ ವಸ್ತುವಿಗೆ ಮೊದಲನೆಯದು. ಪೊಲೀಸರು ವರದಿ ಮಾಡಿದರೂ ಕೋರ್ಟಿಗೆ ಬಾರದ ವಸ್ತುವಿಗೆ ಎರಡನೆಯದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಇವೇ 497 ಮತ್ತು 503 ಆಗಿವೆ. ಈ ಕಲಮುಗಳ ಅಡಿಯಲ್ಲಿ ಕೋರ್ಟು ಮಾಲೀಕತ್ವ ತೀರ್ಮಾನಿಸುವುದಿಲ್ಲ. ವಿಚಾರಣೆ ಮುಗಿಯುವ ತನಕ ವಸ್ತು ಯಾರ ಸುಪರ್ದಿಯಲ್ಲಿ ಇದ್ದರೆ ಕ್ಷೇಮ ಎಂಬುದಷ್ಟೇ ಪ್ರಶ್ನೆ.

ಪೊಲೀಸರ ಸುಪರ್ದಿಯೇ ಕ್ಷೇಮ ಎಂಬ ನಂಬಿಕೆಯನ್ನು ಮೊದಲು ಅಲುಗಾಡಿಸಿದ್ದು ನಮ್ಮದೇ ರಾಜ್ಯದ ಪ್ರಕರಣ. ವಕೀಲರು ಬಸವ್ವ ಪ್ರಕರಣ ಎಂದು ಕರೆಯುವ 1977ರ ತೀರ್ಪು ಅದು. ಕಳವಾಗಿದ್ದ ಒಡವೆಗಳು ಪತ್ತೆಯಾದವು, ಪೊಲೀಸರ ವಶದಲ್ಲಿ ಉಳಿದವು, ಆಮೇಲೆ ಅಲ್ಲಿಂದಲೇ ಮತ್ತೆ ಕಾಣೆಯಾದವು. ವಸ್ತುವೇ ಇಲ್ಲದ ಮೇಲೆ ಏನು ಹಿಂದಿರುಗಿಸುವುದು ಎಂಬ ಸರ್ಕಾರದ ವಾದವನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಜೋಪಾನ ಮಾಡಬೇಕಾದವರು ಕಳೆದುಕೊಂಡರೆ ಬೆಲೆ ಕಟ್ಟಿಕೊಡಬೇಕು ಎಂದಿತು. ಅಗತ್ಯಕ್ಕಿಂತ ಒಂದು ದಿನವೂ ಹೆಚ್ಚಿಗೆ ಮುದ್ದೇಮಾಲನ್ನು ಹಿಡಿದಿಡಬಾರದು ಎಂಬ ತತ್ವದ ಬೇರು ಆ ತೀರ್ಪಿನಲ್ಲಿದೆ.

ಸೂರತ್ತಿನ ಕಪಾಟು

2002ರ ಅಕ್ಟೋಬರ್ 1ರ ಸುಂದರಭಾಯ್ ಅಂಬಾಲಾಲ್ ದೇಸಾಯಿ ತೀರ್ಪಿನ ಹೆಸರು ಹೇಳದೆ ಇವತ್ತು ಯಾವ ವಕೀಲರೂ ಗಾಡಿ ಬಿಡಿಸುವ ಅರ್ಜಿ ಹಾಕುವುದಿಲ್ಲ. ಆದರೆ ಆ ಪ್ರಕರಣ ಶುರುವಾದದ್ದು ವಾಹನದಿಂದಲ್ಲ ಎಂಬುದು ಅರ್ಜಿ ಹಾಕುವ ಹಲವರಿಗೇ ಗೊತ್ತಿರಲಿಕ್ಕಿಲ್ಲ. ಗುಜರಾತಿನ ಸೂರತ್ತಿನಲ್ಲಿ 1992ರಿಂದ 1996ರ ನಡುವೆ ಠಾಣೆಗಳಲ್ಲಿ ಕೆಲಸ ಮಾಡಿದ್ದ ಪೊಲೀಸರ ಮೇಲೇ ಇದ್ದ ಆರೋಪ ಅದರ ಮೂಲ. ಜಪ್ತಾದ ಅಸಲಿ ಮಾಲನ್ನು ತೆಗೆದು ನಕಲಿ ಇಟ್ಟರು, ಠಾಣೆಯಲ್ಲಿದ್ದ ಹಣ ದುರುಪಯೋಗವಾಯಿತು, ಅನುಮತಿಯಿಲ್ಲದೆ ಹರಾಜು ನಡೆಯಿತು ಎಂಬುವು ದೂರುಗಳು. ಮುದ್ದೇಮಾಲು ಠಾಣೆಯಲ್ಲಿ ಕೊಳೆಯುವುದೇ ಇಂಥ ಅವಕಾಶಗಳಿಗೆ ಕಾರಣ ಎಂದು ಕಂಡ ಸುಪ್ರೀಂ ಕೋರ್ಟ್, ಒಡವೆ, ನಗದು, ಮದ್ಯ, ವಾಹನ ಒಂದೊಂದಕ್ಕೂ ದಾರಿ ಹೇಳಿತು.

ವಾಹನದ ವಿಷಯದಲ್ಲಿ ಅದು ಹೇಳಿದ್ದು ಸರಳ. ಠಾಣೆಯಲ್ಲಿ ದೀರ್ಘಕಾಲ ನಿಲ್ಲಿಸಿ ಏನೂ ಪ್ರಯೋಜನವಿಲ್ಲ. ವಿವರವಾದ ಪಂಚನಾಮೆ ಬರೆಯಿರಿ, ಫೋಟೊ ತೆಗೆಯಿರಿ, ಬಾಂಡ್ ಮತ್ತು ಭದ್ರತೆ ಪಡೆಯಿರಿ, ಬಿಟ್ಟುಕೊಡಿ. ಮುದ್ದೇಮಾಲು ಹದಿನೈದು ದಿನದಿಂದ ಒಂದು ತಿಂಗಳಿಗಿಂತ ಹೆಚ್ಚು ಕಾಲ ಠಾಣೆಯಲ್ಲಿ ಇರಬಾರದು. ಯಾರೂ ಕೇಳಿಕೊಂಡು ಬರದಿದ್ದರೆ ಆರು ತಿಂಗಳೊಳಗೆ ಹರಾಜಿಗೆ ಆದೇಶವಾಗಬೇಕು. 2010ರಲ್ಲಿ ವಿಮಾ ಕಂಪನಿಗಳ ಒಕ್ಕೂಟ ಇದೇ ದೂರು ಹೊತ್ತು ಬಂದಾಗ ಕೋರ್ಟು ಮತ್ತೆ ಅದನ್ನೇ ಒತ್ತಿ ಹೇಳಿ, ಕಳವಾಗಿ ಸಿಕ್ಕ ವಾಹನಕ್ಕೆ ಪರಿಹಾರ ಕೊಟ್ಟ ವಿಮಾ ಕಂಪನಿಯೂ ಪ್ರತ್ಯೇಕ ಅರ್ಜಿ ಹಾಕಬಹುದು, ಸಾಮಾನ್ಯವಾಗಿ ಅರ್ಜಿಯಿಂದ ಮೂವತ್ತು ದಿನದಲ್ಲಿ ಬಿಡುಗಡೆಯಾಗಬೇಕು ಎಂದಿತು. ಒಂದೇ ಮಾತನ್ನು ಎಂಟು ವರ್ಷದ ಮೇಲೆ ಮತ್ತೆ ಹೇಳಬೇಕಾಗಿ ಬಂದಿತೆಂದರೆ ಮೊದಲ ಸಲ ಹೇಳಿದ್ದು ಎಷ್ಟರಮಟ್ಟಿಗೆ ಠಾಣೆಗಳನ್ನು ತಲುಪಿತ್ತು ಎಂದು ಊಹಿಸಬಹುದು.

ಹೊಸ ಸಂಹಿತೆಯ 497ನೇ ಕಲಮು ಈ ತೀರ್ಪಿನ ಸಾರವನ್ನು ಕಾನೂನಿನೊಳಗೇ ತಂದಿದೆ. ವಸ್ತು ಕೋರ್ಟಿನ ಮುಂದೆ ಬಂದ ಹದಿನಾಲ್ಕು ದಿನದಲ್ಲಿ ಅದರ ವಿವರಣಾ ಪಟ್ಟಿ ತಯಾರಾಗಬೇಕು, ಫೋಟೊ ತೆಗೆಯಬೇಕು, ಬೇಕಿದ್ದರೆ ವಿಡಿಯೊ ಮಾಡಬೇಕು. ಆಮೇಲೆ ಮೂವತ್ತು ದಿನದೊಳಗೆ ವಿಲೇವಾರಿ, ಮುಟ್ಟುಗೋಲು ಅಥವಾ ಹಸ್ತಾಂತರದ ಆದೇಶವಾಗಬೇಕು. ಆ ಪಟ್ಟಿ ಮತ್ತು ಚಿತ್ರಗಳನ್ನೇ ವಿಚಾರಣೆಯಲ್ಲಿ ಸಾಕ್ಷ್ಯವಾಗಿ ಬಳಸಬಹುದು. ಲಾರಿಯೇ ಸಾಕ್ಷಿ, ಅದು ಕೈಲಿಲ್ಲದಿದ್ದರೆ ಕೇಸು ಸಡಿಲವಾಗುತ್ತದೆ ಎಂದು ಸರ್ಕಾರಿ ವಕೀಲರು ಎತ್ತುತ್ತಿದ್ದ ಹಳೆಯ ಆಕ್ಷೇಪಣೆಗೆ ಇಲ್ಲಿ ಬಹುಮಟ್ಟಿಗೆ ತೆರೆ ಬಿದ್ದಿದೆ. ರಕ್ತದ ಕಲೆ, ಬಣ್ಣದ ಉಜ್ಜುಗುರುತು, ಗುಂಡು ತಾಕಿದ ತೂತು ಇರುವ ವಾಹನದ ಮಾತು ಬೇರೆ. ವಿಧಿವಿಜ್ಞಾನ ಪ್ರಯೋಗಾಲಯದ (ಎಫ್‌ಎಸ್‌ಎಲ್) ತಜ್ಞರು ಮಾದರಿ ತೆಗೆಯುವ ತನಕ ಅದನ್ನು ಬಿಡುವುದು ಸರಿಯೂ ಅಲ್ಲ. ಅಪಘಾತದ ವಾಹನಕ್ಕೆ ಮೋಟಾರು ವಾಹನ ನಿರೀಕ್ಷಕರ ಐಎಂವಿ ವರದಿ ಬರಬೇಕು. ಆ ಕೆಲಸಗಳು ಮುಗಿದ ಮೇಲೂ ನಿಲ್ಲಿಸಿಕೊಂಡರೆ ಸವೆಯುವುದು ಟೈರು, ಬ್ಯಾಟರಿ ಮತ್ತು ಮಾಲೀಕ.

ಯಾರ ಗಾಡಿ?

ಅರ್ಜಿ ಹಾಕುವ ಹೊತ್ತಿಗೆ ಮೊದಲು ಎದುರಾಗುವುದು ಆರ್‌ಸಿಯಲ್ಲಿರುವ ಹೆಸರು. ಕೋರ್ಟು ಆರ್‌ಸಿ, ಆರ್‌ಟಿಒ ಕಚೇರಿಯ ಬಿ ಎಕ್ಸ್‌ಟ್ರ್ಯಾಕ್ಟ್, ವಿಮೆ, ಪರ್ಮಿಟ್, ಎಫ್‌ಸಿ ಕೇಳುತ್ತದೆ. ನಮ್ಮಲ್ಲಿ ಸೆಕೆಂಡ್ ಹ್ಯಾಂಡ್ ಗಾಡಿಗಳ ಅರ್ಧ ವ್ಯವಹಾರ ನಡೆಯುವುದು ಸಹಿ ಹಾಕಿದ ಖಾಲಿ ಫಾರಂ 29 ಮತ್ತು 30ರ ಮೇಲೆ. ದುಡ್ಡು ಕೊಟ್ಟಾಯಿತು, ಗಾಡಿ ಓಡುತ್ತಿದೆ, ಫಾರಂಗಳು ಡ್ಯಾಶ್‌ಬೋರ್ಡಿನೊಳಗೆ ಮಡಚಿಕೊಂಡು ಕೂತಿವೆ, ಆರ್‌ಸಿಯಲ್ಲಿ ಮಾತ್ರ ಹಳೆಯ ಮಾಲೀಕನ ಹೆಸರು. ಜಪ್ತಾದ ದಿನ ಆ ಹಳೆಯ ಮಾಲೀಕನನ್ನು ಹುಡುಕಬೇಕು. ಸಿಕ್ಕರೆ ಅವನು ತಾನು ಮಾರಿದ್ದೇನೆಂದು ಪ್ರಮಾಣಪತ್ರ ಕೊಡಬೇಕು, ಇಲ್ಲವೇ ತಾನೇ ಅರ್ಜಿದಾರನಾಗಬೇಕು. ಎರಡು ಕಡೆಯಿಂದ ಅರ್ಜಿ ಬಂದರಂತೂ ಕೋರ್ಟು ಸಾಮಾನ್ಯವಾಗಿ ಮೇಲ್ನೋಟಕ್ಕೆ ಆರ್‌ಸಿ ಮಾಲೀಕನ ಕಡೆ ವಾಲುತ್ತದೆ. ಉಳಿದದ್ದನ್ನು ಸಿವಿಲ್ ಕೋರ್ಟಿನಲ್ಲಿ ಬಗೆಹರಿಸಿಕೊಳ್ಳಿ ಎನ್ನುತ್ತದೆ. ಸಾಲದ ಗಾಡಿಯಾದರೆ ಹೈಪಾಥಿಕೇಷನ್ ಬರೆಸಿಕೊಂಡ ಫೈನಾನ್ಸ್ ಕಂಪನಿಯೂ ಕಂತು ಕಟ್ಟಿಲ್ಲ, ನಮಗೇ ಕೊಡಿ ಎಂದು ಬರಬಹುದು. ಕಂತು ಕಟ್ಟಲು ಗಾಡಿ ಓಡಬೇಕು, ಗಾಡಿ ಓಡದೆ ಕಂತು ಕಟ್ಟಲಾಗದು. ಠಾಣೆಯಲ್ಲಿ ನಿಂತ ಪ್ರತಿ ತಿಂಗಳೂ ಮಾಲೀಕ ಆ ಕಂಪನಿಯ ಎದುರು ಇನ್ನಷ್ಟು ಸೋಲುತ್ತಾನೆ.

ವಿಮೆಯದು ಇನ್ನೊಂದು ವಿಚಿತ್ರ ಸುತ್ತು. ವಾಹನ ಠಾಣೆಯಲ್ಲಿರುವಾಗಲೇ ಪಾಲಿಸಿಯ ಅವಧಿ ಮುಗಿಯುತ್ತದೆ. ಬಿಡುಗಡೆಗೆ ಚಾಲ್ತಿ ವಿಮೆ ತೋರಿಸಿ ಎಂಬ ಷರತ್ತು ಬೀಳುತ್ತದೆ. ರಸ್ತೆಗಿಳಿಯದ ವಾಹನಕ್ಕೆ ಪ್ರೀಮಿಯಂ ಕಟ್ಟಿ, ಆಮೇಲೆ ಅದನ್ನು ಬಿಡಿಸಿಕೊಳ್ಳಬೇಕು. ಎಫ್‌ಸಿ ಕೂಡ ಹೀಗೇ ಮುಗಿದಿದ್ದರೆ ಬಿಟ್ಟ ಗಾಡಿಯನ್ನು ನೇರ ಆರ್‌ಟಿಒ ಮೈದಾನಕ್ಕೆ ಎಳೆದೊಯ್ಯಬೇಕು.

ವಿಮೆಯೇ ಇಲ್ಲದ ವಾಹನ ಅಪಘಾತ ಮಾಡಿದ್ದರೆ ಮಾತ್ರ ಷರತ್ತು ಕಠಿಣವಾಗುತ್ತದೆ, ಆಗಲೂಬೇಕು ಎಂಬುದು ನನ್ನ ಅಭಿಪ್ರಾಯ. ಸತ್ತವನ ಹೆಂಡತಿ ಮಕ್ಕಳಿಗೆ ಪರಿಹಾರ ಕೊಡಲು ಅಲ್ಲಿ ವಿಮಾ ಕಂಪನಿ ಇಲ್ಲ. ಮಾಲೀಕನ ಆಸ್ತಿಯೆಂದರೆ ಬಹಳ ಸಲ ಆ ಗಾಡಿಯೇ. 2018ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟ್, ದೆಹಲಿಯಲ್ಲಿದ್ದ ನಿಯಮದ ಮಾದರಿಯನ್ನು ಎಲ್ಲ ರಾಜ್ಯಗಳೂ ತರಬೇಕೆಂದು ಹೇಳಿ ಹನ್ನೆರಡು ವಾರ ಕೊಟ್ಟಿತು. ಕರ್ನಾಟಕ ಮೋಟಾರು ವಾಹನ ನಿಯಮಗಳಲ್ಲಿ 232-ಜಿ ಬಂದದ್ದು ಆ ಹಿನ್ನೆಲೆಯಲ್ಲಿ. ಸಂಭವನೀಯ ಪರಿಹಾರಕ್ಕೆ ಸಾಕಾಗುವಷ್ಟು ಭದ್ರತೆ ಕೊಡದೆ ಅಂಥ ವಾಹನವನ್ನು ಬಿಡುವಂತಿಲ್ಲ. ಮೂರು ತಿಂಗಳು ಕಳೆದರೆ ಹರಾಜು. ಬಂದ ಹಣ ಪರಿಹಾರ ನ್ಯಾಯಮಂಡಳಿಗೆ. ಇಲ್ಲಿ ಷರತ್ತಿಗೂ ಅದರ ಉದ್ದೇಶಕ್ಕೂ ನೇರ ಸಂಬಂಧವಿದೆ. ಇನ್ನೊಬ್ಬರಿಗೆ ಸಲ್ಲಬೇಕಾದ ದುಡ್ಡಿಗಾಗಿ ಗಾಡಿ ನಿಂತಿದೆ.

ಎಲ್ಲ ಷರತ್ತುಗಳ ಬಗ್ಗೆ ಇಷ್ಟು ಧೈರ್ಯವಾಗಿ ಹೇಳಲಾಗದು. ಜಾಮೀನುದಾರನನ್ನೇ ತೆಗೆದುಕೊಳ್ಳಿ. ಹಳ್ಳಿಯಿಂದ ಬರುವ ಜಾಮೀನುದಾರನ ಕೈಯಲ್ಲಿ ಪಹಣಿ ಇರುತ್ತದೆ. ಎರಡೆಕರೆ ಒಣಭೂಮಿಯ ಬೆಲೆ ಎಂಟು ಲಕ್ಷದ ಬಾಂಡಿಗೆ ಸಾಕೇ ಎಂಬ ಪ್ರಶ್ನೆ ಬರುತ್ತದೆ. ಪಹಣಿಯಲ್ಲಿ ಇನ್ನೂ ಅಪ್ಪನ ಹೆಸರಿದ್ದರೆ, ಬೆಳೆಸಾಲದ ಭೋಜಾ ಏರಿದ್ದರೆ, ಅವನನ್ನು ವಾಪಸು ಕಳಿಸಿ ಇನ್ನೊಬ್ಬನನ್ನು ಹುಡುಕಬೇಕು. ಹತ್ತಾರು ಲಾರಿಯ ಟ್ರಾನ್ಸ್‌ಪೋರ್ಟ್ ಕಂಪನಿಗೆ ಇದು ಗುಮಾಸ್ತನ ಒಂದು ಮಧ್ಯಾಹ್ನದ ಕೆಲಸ. ಒಂದೇ ಟಾಟಾ ಏಸ್ ಇಟ್ಟುಕೊಂಡು ತರಕಾರಿ ಸಾಗಿಸುವವನಿಗೆ ಬಂಧುಬಳಗದ ಮನೆ ಮನೆ ಸುತ್ತುವ ಕೆಲಸ. ಆದೇಶದ ಭಾಷೆ ಇಬ್ಬರಿಗೂ ಒಂದೇ.

ಯಾವ ಬಾಗಿಲು ತಟ್ಟುವುದು?

ಇಷ್ಟು ಹೊತ್ತು ಹೇಳಿದ್ದು ಸಾಮಾನ್ಯ ಅಪರಾಧಗಳ ಮಾತು. ವಿಶೇಷ ಕಾಯ್ದೆಗಳ ಕಡೆ ಹೊರಳಿದರೆ ದಾರಿ ಕವಲೊಡೆಯುತ್ತದೆ. ಮದ್ಯ ಸಾಗಿಸಿದ ವಾಹನವಾದರೆ 1965ರ ಕರ್ನಾಟಕ ಅಬಕಾರಿ ಕಾಯ್ದೆಯ ಪ್ರಕಾರ ಮುಟ್ಟುಗೋಲು ನಡೆಸುವುದು ಅಬಕಾರಿ ಇಲಾಖೆಯ ಅಧಿಕೃತ ಅಧಿಕಾರಿ. ಶ್ರೀಗಂಧವೋ ತೇಗವೋ ಸಿಕ್ಕಿದರೆ 1963ರ ಕರ್ನಾಟಕ ಅರಣ್ಯ ಕಾಯ್ದೆಯ 71-ಎ ಕಲಮಿನಡಿ ಅರಣ್ಯ ಇಲಾಖೆಯ ಅಧಿಕಾರಿ. ಪಡಿತರದ ಅಕ್ಕಿಯಾದರೆ ಅಗತ್ಯ ವಸ್ತುಗಳ ಕಾಯ್ದೆಯ 6-ಎ ಪ್ರಕಾರ ಜಿಲ್ಲಾಧಿಕಾರಿ. ಕ್ರಿಮಿನಲ್ ಕೇಸು ಒಂದು ಕಡೆ ಕೋರ್ಟಿನಲ್ಲಿ, ಗಾಡಿಯ ಕಡತ ಇನ್ನೊಂದು ಕಡೆ ಕಚೇರಿಯಲ್ಲಿ. ಮ್ಯಾಜಿಸ್ಟ್ರೇಟ್ (ಜೆಎಂಎಫ್‌ಸಿ) ಕೋರ್ಟಿನ ಮುಂದೆ ಅರ್ಜಿ ಹಾಕಿ, ತಿಂಗಳು ಕಾದು, ಇದು ನಮ್ಮ ವ್ಯಾಪ್ತಿಗೆ ಬರುವುದಿಲ್ಲ ಎನಿಸಿಕೊಂಡು ಹೊರಬಂದ ಮಾಲೀಕರು ಇದ್ದಾರೆ. ವ್ಯಾಪ್ತಿ ಗೊತ್ತಿಲ್ಲದ ವಕೀಲರಿಗೆ ಕೊಟ್ಟ ಫೀಸೂ ಆ ಲೆಕ್ಕಕ್ಕೆ ಸೇರಬೇಕು.

ಈ ಕಾಯ್ದೆಗಳ ನಡುವೆ ಉದಾರತೆಯೂ ಒಂದೇ ಅಳತೆಯದಲ್ಲ. ಅಗತ್ಯ ವಸ್ತುಗಳ ಕಾಯ್ದೆಯಲ್ಲಿ ಬಾಡಿಗೆಗೆ ಓಡುವ ವಾಹನದ ಮಾಲೀಕನಿಗೆ ಮುಟ್ಟುಗೋಲಿನ ಬದಲು ದಂಡ ಕಟ್ಟುವ ಆಯ್ಕೆ ಇದೆ. ಆ ದಂಡ ಸಾಗಿಸುತ್ತಿದ್ದ ಸರಕಿನ ಮಾರುಕಟ್ಟೆ ಬೆಲೆಯನ್ನು ಮೀರುವಂತಿಲ್ಲ. ಐವತ್ತು ಚೀಲ ಅಕ್ಕಿಗೆ ಐವತ್ತು ಚೀಲದ ಬೆಲೆ, ಲಾರಿಯ ಬೆಲೆ ಅಲ್ಲ. ಅರಣ್ಯದ ವಿಷಯದಲ್ಲಿ ಸುಪ್ರೀಂ ಕೋರ್ಟ್ ಬಿಗಿ ನಿಂತಿದೆ. 2000ದಲ್ಲಿ ಕರ್ನಾಟಕದಿಂದಲೇ ಹೋದ ಮೊಕದ್ದಮೆಯೊಂದರಲ್ಲಿ ಅದು, ಅರಣ್ಯ ಅಪರಾಧದ ವಾಹನವನ್ನು ಸಾಮಾನ್ಯವಾಗಿ ಬಿಡಬಾರದು, ಅಪರೂಪದ ಕಾರಣಕ್ಕೆ ಬಿಡಲೇಬೇಕಾದರೆ ಬ್ಯಾಂಕ್ ಗ್ಯಾರಂಟಿ ಕನಿಷ್ಠ ಷರತ್ತಾಗಿರಲಿ ಎಂದಿತು. 2020ರ ಕರ್ನಾಟಕ ಜಾನುವಾರು ಹತ್ಯೆ ಪ್ರತಿಬಂಧಕ ಮತ್ತು ಸಂರಕ್ಷಣಾ ಕಾಯ್ದೆ ಬರೆದಾಗಲೂ ವಾಹನದ ಬಿಡುಗಡೆಗೆ ಬ್ಯಾಂಕ್ ಗ್ಯಾರಂಟಿಯನ್ನೇ ಕೇಳಲಾಯಿತು.

ಬಾಂಡಿಗೂ ಬ್ಯಾಂಕ್ ಗ್ಯಾರಂಟಿಗೂ ಇರುವ ಅಂತರ ಕಾಗದದ ಮೇಲೆ ಚಿಕ್ಕದು, ಜೇಬಿನಲ್ಲಿ ದೊಡ್ಡದು. ಬಾಂಡ್ ಒಂದು ಮಾತು: ಷರತ್ತು ಮುರಿದರೆ ಕಟ್ಟುತ್ತೇನೆ. ಬ್ಯಾಂಕ್ ಗ್ಯಾರಂಟಿಗೆ ಬ್ಯಾಂಕು ಮುಂಚಿತವಾಗಿ ಠೇವಣಿಯನ್ನೋ ಆಸ್ತಿಯ ಅಡಮಾನವನ್ನೋ ಕೇಳುತ್ತದೆ, ಮೇಲೆ ಕಮಿಷನ್ ತೆಗೆದುಕೊಳ್ಳುತ್ತದೆ, ಕೇಸು ಮುಗಿಯುವ ತನಕ ನವೀಕರಿಸುತ್ತಲೇ ಇರಬೇಕು. ಹದಿನೈದು ಲಕ್ಷ ಠೇವಣಿ ಇಡಬಲ್ಲವನು ಮೊದಲಿಗೇ ಸಾಲದ ಮೇಲೆ ಲಾರಿ ಕೊಳ್ಳುತ್ತಿರಲಿಲ್ಲ.

ಹಾಗೆಂದು ಬಿಗಿ ಷರತ್ತು ಕೇಳುವವರ ಮಾತಿನಲ್ಲಿ ತಿರುಳಿಲ್ಲ ಎನ್ನಲಾಗದು. ಬಿಟ್ಟ ಮರಳು ಟಿಪ್ಪರ್ ಅದೇ ಹೊಳೆಯ ದಂಡೆಗೆ ಮರಳಿದ್ದನ್ನು ಕಂದಾಯ ಅಧಿಕಾರಿಗಳು ಕಂಡಿದ್ದಾರೆ. ಗಂಧದ ಮರ ಕಡಿಸುವವನಿಗೆ ವಾಹನ ಒಂದು ಬಂಡವಾಳ ಅಷ್ಟೇ, ಹೋದರೆ ಇನ್ನೊಂದು. ಅಂಥವನಿಗೆ ಸಾದಾ ಬಾಂಡು ಮುರಿಯಲು ಮನಸ್ಸಿನಲ್ಲಿ ಯಾವ ಅಳುಕೂ ಇರುವುದಿಲ್ಲ. ತೊಂದರೆಯೆಂದರೆ ಅವನಿಗೆಂದು ಹೆಣೆದ ಷರತ್ತಿನಲ್ಲಿ ಅವನು ಸಿಕ್ಕಿಬೀಳುವುದು ಕಡಿಮೆ. ಅವನು ಗ್ಯಾರಂಟಿ ಕೊಟ್ಟು ಗಾಡಿ ಒಯ್ಯುತ್ತಾನೆ. ಚಾಲಕ ತನ್ನ ಬೆನ್ನ ಹಿಂದೆ ಏನು ತುಂಬಿದನೆಂದು ತಿಳಿಯದ ಮಾಲೀಕ ಉಳಿಯುತ್ತಾನೆ.

ಅಸ್ಸಾಮಿನ ಲಾರಿ

ಈ ಕೊನೆಯ ಬಗೆಯ ಮಾಲೀಕನ ಬಗ್ಗೆ ಸುಪ್ರೀಂ ಕೋರ್ಟ್ ವಿವರವಾಗಿ ಯೋಚಿಸಿದ್ದು 2025ರ ಜನವರಿ 7ರ ತೀರ್ಪಿನಲ್ಲಿ. ಕಂತಿನ ಮೇಲೆ ಕೊಂಡ ಲಾರಿ, ಅದೊಂದೇ ಜೀವನಾಧಾರ. ಅಸ್ಸಾಮಿನಲ್ಲಿ ತಪಾಸಣೆಯಾದಾಗ ಅದರೊಳಗೆ 24.8 ಗ್ರಾಂ ಹೆರಾಯಿನ್ ಸಿಕ್ಕಿತು. ಆರೋಪಿ ಮಾಲೀಕನಲ್ಲ, ಚಾಲಕನಲ್ಲ, ಲಾರಿಯಲ್ಲಿ ಕೂತಿದ್ದ ಮೂರನೆಯವನು. ಮಾದಕವಸ್ತು ಕಾಯ್ದೆಯಲ್ಲಿ ವಿಚಾರಣೆ ಮುಗಿಯುವ ತನಕ ವಾಹನ ಬಿಡುವಂತೆಯೇ ಇಲ್ಲ ಎಂಬುದು ಸರ್ಕಾರದ ವಾದ. ಆ ವಾದವನ್ನೇ ಹಿಡಿದು ಹೊರಟರೆ ಪ್ರಯಾಣಿಕನೊಬ್ಬನ ಚೀಲದಲ್ಲಿ ಮಾದಕವಸ್ತು ಸಿಕ್ಕಿದ್ದಕ್ಕೆ ಇಡೀ ಬಸ್ಸನ್ನೋ ಹಡಗನ್ನೋ ವಿಮಾನವನ್ನೋ ವರ್ಷಗಟ್ಟಲೆ ನಿಲ್ಲಿಸಬೇಕಾದೀತು ಎಂದು ಕೋರ್ಟು ತೋರಿಸಿಕೊಟ್ಟಿತು.

ಅಲ್ಲಿ ಹಾಕಿಕೊಟ್ಟ ವಿಂಗಡಣೆ ಉಪಯುಕ್ತ. ಮಾದಕವಸ್ತು ಮಾಲೀಕನ ಬಳಿಯೇ ಸಿಕ್ಕಿದ್ದರೆ, ಅಥವಾ ಅವನ ಚಾಲಕನೋ ಆಳೋ ಸಿಕ್ಕಿಬಿದ್ದಿದ್ದರೆ, ಸಾಮಾನ್ಯವಾಗಿ ವಾಹನ ಬಿಡುಗಡೆಯಿಲ್ಲ. ಕದ್ದ ವಾಹನದಲ್ಲಿ ಸಿಕ್ಕಿದ್ದರೆ, ಅಥವಾ ಮಾಲೀಕನಿಗೆ ಗೊತ್ತಿತ್ತೆಂಬ ಆರೋಪವೇ ಇಲ್ಲದೆ ಮೂರನೆಯವನಿಂದ ಸಿಕ್ಕಿದ್ದರೆ, ಸಾಮಾನ್ಯವಾಗಿ ಬಿಡಬೇಕು. ಲಾರಿಯನ್ನು ಬಿಟ್ಟರೆ ಮಾಲೀಕನಿಗೆ ದುಡಿಮೆ, ಸಾಲ ಕೊಟ್ಟವರಿಗೆ ಕಂತು, ಸಮಾಜಕ್ಕೆ ಓಡುವ ಒಂದು ವಾಹನ ಸಿಗುತ್ತದೆ ಎಂದೂ ಕೋರ್ಟು ಹೇಳಿತು.

ನನಗೆ ಎಲ್ಲಕ್ಕಿಂತ ಮುಖ್ಯವೆನಿಸಿದ್ದು ಆ ತೀರ್ಪಿನ ಷರತ್ತುಗಳು. ವಿಡಿಯೊ ಮತ್ತು ಫೋಟೊ ತೆಗೆಯಬೇಕು, ಗುರುತಿನ ವಿವರಗಳ ಪಟ್ಟಿಗೆ ತನಿಖಾಧಿಕಾರಿ, ಮಾಲೀಕ, ಆರೋಪಿ ಮೂವರೂ ಸಹಿ ಹಾಕಬೇಕು. ಮಾರುವಂತಿಲ್ಲ. ಆದೇಶವಾದರೆ ಒಂದು ವಾರದೊಳಗೆ ವಾಹನ ಒಪ್ಪಿಸುತ್ತೇನೆ, ಅಥವಾ ಅದರ ಬೆಲೆ ಕಟ್ಟುತ್ತೇನೆ ಎಂದು ಮಾಲೀಕ ಮುಚ್ಚಳಿಕೆ ಕೊಡಬೇಕು. ಬೆಲೆಯೆಂದರೆ ಯಾವ ಬೆಲೆ? ಬಿಡುಗಡೆಯ ದಿನ ಆದಾಯ ತೆರಿಗೆ ಕಾನೂನಿನ ಪ್ರಕಾರ ಬರುವ ಬೆಲೆ.

ಈ ಒಂದು ವಾಕ್ಯದಿಂದ ಲೆಕ್ಕ ಎಷ್ಟು ಬದಲಾಗುತ್ತದೆ ನೋಡಿ. ಬಾಡಿಗೆಗೆ ಓಡುವ ಲಾರಿಗೆ ಆದಾಯ ತೆರಿಗೆಯಲ್ಲಿ ಸವಕಳಿ ವರ್ಷಕ್ಕೆ ಶೇಕಡಾ 30. ಮೂವತ್ತು ಲಕ್ಷಕ್ಕೆ ಕೊಂಡ ಲಾರಿ ಮೊದಲ ವರ್ಷದ ಕೊನೆಗೆ 21 ಲಕ್ಷ, ಎರಡನೆಯದರ ಕೊನೆಗೆ 14.7 ಲಕ್ಷ, ಮೂರನೆಯದರ ಕೊನೆಗೆ 10 ಲಕ್ಷ 29 ಸಾವಿರ. ಅಂದಾಜಿನಲ್ಲಿ ಬರೆಯುವ ಬಾಂಡಿನ ಮೊತ್ತ ಇದಕ್ಕಿಂತ ಎಷ್ಟು ಮೇಲೆ ಬೇಕಾದರೂ ಹೋಗಬಹುದು, ಕಾರಣ ಕೇಳುವವರಿಲ್ಲ. ಇಲ್ಲಾದರೆ ಅಂಕಿಗೆ ಒಂದು ಆಧಾರವಿದೆ, ಪ್ರಶ್ನಿಸಲು ಒಂದು ದಾರಿಯಿದೆ. ಆ ಮಾನದಂಡವನ್ನು ಮಾದಕವಸ್ತು ಪ್ರಕರಣಕ್ಕೇ ಅನ್ವಯಿಸಬಹುದಾದರೆ, ಹೊಡೆದಾಟದ ಕೇಸಿನಲ್ಲಿ ಜಪ್ತಾದ ಬೈಕಿಗೆ ಏಕೆ ಬೇಡ? ಅರ್ಜಿದಾರರ ವಕೀಲರು ಸವಕಳಿಯ ಲೆಕ್ಕದ ಒಂದು ಹಾಳೆಯನ್ನು ಅರ್ಜಿಗೆ ಲಗತ್ತಿಸುವುದನ್ನು ರೂಢಿ ಮಾಡಿಕೊಂಡರೆ ಕೋರ್ಟುಗಳಿಗೂ ಕೆಲಸ ಹಗುರವಾದೀತು.

ಮನಸ್ಸು ಮಾಡಿದರೆ ಬಿಡುಗಡೆ ಎಷ್ಟು ಸುಲಭ ಎಂಬುದನ್ನೂ ನಾವು ಕಂಡಿದ್ದೇವೆ. 2020ರ ಲಾಕ್‌ಡೌನಿನಲ್ಲಿ ಬೆಂಗಳೂರಿನ ಠಾಣೆಗಳ ಮುಂದೆ ಸಾವಿರಾರು ಬೈಕು, ಕಾರುಗಳು ಜಮೆಯಾದವು. ಒಂದೊಂದಕ್ಕೂ ಕೋರ್ಟಿನಲ್ಲಿ ಅರ್ಜಿ ಹಾಕಿಸುತ್ತಾ ಕೂತಿದ್ದರೆ ವರ್ಷಗಳೇ ಹಿಡಿಯುತ್ತಿದ್ದವು. ಏಪ್ರಿಲ್ ಕೊನೆಯಲ್ಲಿ ಹೈಕೋರ್ಟ್ ಅನುಮತಿ ಕೊಟ್ಟಿತು. ದ್ವಿಚಕ್ರ ವಾಹನಕ್ಕೆ 500 ರೂಪಾಯಿ, ಕಾರಿಗೆ 1,000 ರೂಪಾಯಿ ಕಟ್ಟಿಸಿಕೊಂಡು ಪೊಲೀಸರೇ ಬಿಟ್ಟುಕೊಟ್ಟರು. ಜಾಗವಿಲ್ಲ ಎಂಬ ಕಾರಣ ಪ್ರಬಲವಾದದ್ದೇ ತಡ, ಕಾನೂನಿನ ದಾರಿ ತೆರೆದುಕೊಂಡಿತು.

ಬಿಡುಗಡೆಯಾದ ಮೇಲಿನ ಒಂದು ಸಂಗತಿಯನ್ನು ಮಾಲೀಕರು ಮರೆಯುತ್ತಾರೆ. ಈ ಆದೇಶ ಮಧ್ಯಂತರದ್ದು. ಪ್ರಕರಣ ಖುಲಾಸೆಯಾದಾಗ ತೀರ್ಪಿನ ಕೊನೆಯ ಸಾಲುಗಳಲ್ಲಿ, ಮೇಲ್ಮನವಿ ಅವಧಿಯ ನಂತರ ಮಧ್ಯಂತರ ಸುಪರ್ದಿ ಖಾಯಂ ಆಗುತ್ತದೆ, ಬಾಂಡ್ ರದ್ದಾಗುತ್ತದೆ ಎಂಬ ಮಾತು ಬರಬೇಕು. ತೀರ್ಪು ಬರೆಯುವ ದಿನ ಆ ಸಾಲು ಬಿಟ್ಟುಹೋದರೆ ಬಾಂಡ್ ಹಾಗೇ ಜೀವಂತ, ಜಾಮೀನುದಾರನ ಪಹಣಿಯೂ ಆ ಕಡತದೊಳಗೇ. ಕೆಲವು ಆದೇಶಗಳ ಪ್ರತಿ ಆರ್‌ಟಿಒಗೂ ಹೋಗಿರುತ್ತದೆ. ಅಲ್ಲಿನ ದಾಖಲೆಯಲ್ಲಿ ತಡೆ ಕೂತಿದ್ದರೆ ಐದು ವರ್ಷದ ನಂತರ ಗಾಡಿ ಮಾರಲು ಹೋದಾಗ ಎನ್‌ಒಸಿ ಸಿಗುವುದಿಲ್ಲ. ತೀರ್ಪಿನ ದೃಢೀಕೃತ ಪ್ರತಿ ಪಡೆದು, ಅದನ್ನು ಠಾಣೆಗೊಂದು, ಆರ್‌ಟಿಒಗೊಂದು ಕೊಟ್ಟು ಹಿಂಬರಹ ಇಸಿದುಕೊಳ್ಳುವ ಕೆಲಸ ಮಾಲೀಕನದೇ. ಅದನ್ನು ಮಾಡಿಸಿಕೊಡಿ ಎಂದು ಯಾವ ಆದೇಶದ ಷರತ್ತೂ ಹೇಳುವುದಿಲ್ಲ.